ಮೊಸಳೆ ತೋರಿಸಿದ ಮಡುವು

ನನ್ನನ್ನು ಆ ದೋಣಿವಿಹಾರಕ್ಕೆ ಕರೆದದ್ದು ಹೊಳೆಯ ಚೆಲುವನ್ನು ನೋಡಲಿ ಎಂದಲ್ಲ. ಒಬ್ಬ ದೊರೆಸಾನಿಯ ಮಾತನ್ನು ಕನ್ನಡಕ್ಕೂ ನಮ್ಮವರ ಮಾತನ್ನು ಇಂಗ್ಲಿಷಿಗೂ ತಿರುಗಿಸಲು ಒಬ್ಬ ಹೆಂಗಸು ಬೇಕಾಗಿತ್ತು; ಕಂಪ್ಲಿಯಲ್ಲಿ ಆ ಕಾಲಕ್ಕೆ ಇಂಗ್ಲಿಷ್ ಬಲ್ಲ ಹೆಂಗಸು ನಾನೊಬ್ಬಳೇ. ಮದ್ರಾಸಿನಲ್ಲಿ ಬಿ.ಎ. ಮುಗಿಸಿ ಬಂದಿದ್ದೆ. ತಂದ ಪುಸ್ತಕಗಳು ಇನ್ನೂ ಪೆಟ್ಟಿಗೆಯಲ್ಲೇ ಇದ್ದವು, ಅವನ್ನು ಇಡಲು ಮನೆಯಲ್ಲಿ ಗೂಡು ಖಾಲಿ ಇರಲಿಲ್ಲ.

ಕರೆಯಲು ಬಂದವರು ಎದುರುಮನೆಯ ಮಾವ. ರಕ್ತಸಂಬಂಧದ ಮಾವನಲ್ಲ, ನಮ್ಮ ಓಣಿಯಲ್ಲಿ ಎದುರುಮನೆಯವರೆಲ್ಲ ಯಾವುದಾದರೊಂದು ಸಂಬಂಧದ ಹೆಸರಿನಲ್ಲೇ ಬಾಳುವವರು. ಊರ ಹೊರಗೆ ಅವರದೊಂದು ಅಕ್ಕಿ ಗಿರಣಿ ಇತ್ತು. ಹೊಳೆ ದಾಟಿಸುವ ಕಡವಿನ ಗುತ್ತಿಗೆಯೂ ಆ ವರ್ಷ ಅವರ ಕೈಯಲ್ಲೇ ಇತ್ತು. ಈಚೆ ದಡ ಮದ್ರಾಸ್ ಸರ್ಕಾರದ್ದು, ಆಚೆ ದಡ ನಿಜಾಮನದು; ಎರಡು ರಾಜ್ಯಗಳ ನಡುವಿನ ನೀರಿನ ಮೇಲೆ ಯಾರ ಮಾತು ನಡೆಯುತ್ತದೆ ಎಂದು ಕೇಳಿದರೆ, ನಡೆಯುತ್ತಿದ್ದುದು ಮಾವನ ಮಾತು.

"ಏನವಾ ಬಿ.ಎ., ಓದಿದ್ದನ್ನ ಗೂಡಿನಾಗಿಟ್ಟು ಪೂಜಿ ಮಾಡ್ತೀಯೋ, ಊರಿಗೂ ಒಂದೀಟು ಹಂಚತೀಯೋ?" ಎಂದರು, ಪಡಸಾಲೆಯ ಕಂಬಕ್ಕೆ ಒರಗಿ.

"ಏನಾಗಬೇಕ್ರಿ ಮಾವಾ?"

"ಹೊಸಪೇಟಿ ಬಂಗಲೇದಾಗ ಒಬ್ಬ ದೊರಿ, ಅವನ ಹೇಣ್ತಿ ಇಳದಾರ. ಹಂಪಿ ನೋಡಿದ್ರು. ಸಂಡೂರ ಗುಡ್ಡದಾಗ ಕರಡಿ ನೋಡ್ತೀವಿ ಅಂತ ಹೋಗಿ ಬರೇ ಕಲ್ಲು ನೋಡಿ ಬಂದ್ರು. ದೊರೆಸಾನಿ ಮಾರಿ ಇಷ್ಟ್ ಆಗೇತಿ. ಹೊಳಿಮ್ಯಾಲೆ ಕರಕೊಂಡು ಹೋಗಿ ಮೊಸಳಿ ತೋರಸ್ತೀನಿ ಅಂತ ಹೇಳಿ ಬಂದೀನಿ."

"ಮೊಸಳಿ ಕಾಣಲಿಲ್ಲಂದ್ರ?"

"ಕಾಣತಾವ."

ಆ ಒಂದು ಮಾತನ್ನು ಅವರು ಹೇಳಿದ ರೀತಿ ನನಗೆ ಹಿಡಿಸಲಿಲ್ಲ. ಸಂಡೂರಿನ ಬೆಟ್ಟದ ಕರಡಿ ಯಾರ ಮಾತಿಗೂ ಬಗ್ಗದೆ ಉಳಿಯಿತು. ತುಂಗಭದ್ರೆಯ ಮೊಸಳೆ ಮಾತ್ರ ಗಿರಣಿಯ ಆಳಿನಂತೆ ಹೇಳಿದ ಹೊತ್ತಿಗೆ ಬಂದು ನಿಲ್ಲುತ್ತದೆಯೇ? ಕಾಡುಪ್ರಾಣಿಯನ್ನು ಒಬ್ಬ ಮನುಷ್ಯ ಇಷ್ಟು ಖಚಿತವಾಗಿ ಒದಗಿಸಬಲ್ಲನಾದರೆ ಅದರ ಹಿಂದೆ ಏನೋ ಒಂದು ಏರ್ಪಾಡು ಇರಲೇಬೇಕು. ಇಷ್ಟನ್ನು ನಾನು ಬಾಯಿಬಿಟ್ಟು ಹೇಳಿದೆ. ಒಳಗಿನಿಂದ ಅಕ್ಕನ ನಗು ಕೇಳಿಸಿತು.

"ಮಾವಾ, ಆಕಿ ಮಾತು ಹಚ್ಚಿಗೋಬ್ಯಾಡ್ರಿ. ಮದ್ರಾಸಿನಿಂದ ಬಂದಾಗಿಂದ ನಮ್ಮ ಬೆಕ್ಕಿನ ಮ್ಯಾಲೂ ಆಕೀಗೆ ಅನುಮಾನ ಐತಿ."

ಅಕ್ಕ ಬಾಣಂತನಕ್ಕೆ ಬಂದಿದ್ದಳು. ಅವಳಿಗೆ ಗಂಡುಮಗು ಹುಟ್ಟಿ ತಿಂಗಳುಗಳು ಕಳೆದಿದ್ದವು, ಬರುವ ಶುಕ್ರವಾರ ಅವಳ ಗಂಗೆಪೂಜೆ ಎಂದು ಗೊತ್ತಾಗಿತ್ತು. ನಮ್ಮ ಕಡೆ ಬಾಣಂತಿ ಮನೆಯ ಹೊಸಿಲು ದಾಟಿ ಮೊದಲು ಹೋಗುವುದು ಹೊಳೆಗೆ. ಹೆಣ್ಣುಮಕ್ಕಳ ಮೆಟ್ಟಿಲಿನಲ್ಲಿ ಮೊಣಕಾಲ ಮಟ್ಟದ ನೀರಿಗೆ ಇಳಿದು, ಹರಿಯುವ ನೀರಿಗೆ ಅರಿಶಿನ ಕುಂಕುಮ ಏರಿಸಿ, ಅಲ್ಲೇ ನಿಂತು ಕೊಡ ತುಂಬಿಕೊಳ್ಳಬೇಕು; ತಲೆಯ ಮೇಲೆ ಇಟ್ಟ ಕೊಡವನ್ನು ಮನೆ ಮುಟ್ಟುವ ತನಕ ಇಳಿಸಬಾರದು. ಅಲ್ಲಿಯವರೆಗೆ ಅವಳು ಅಡುಗೆಮನೆಯ ನೀರನ್ನು ಮುಟ್ಟುವಂತಿಲ್ಲ. ಶನಿವಾರ ಮಲಪನಗುಡಿಯಿಂದ ಅವಳ ಅತ್ತೆಮನೆಯವರು ತಾಯಿಮಗುವನ್ನು ಕರೆದೊಯ್ಯಲು ಬರುವವರಿದ್ದರು. ಅವ್ವ ಆಗಲೇ ಹೊಸ ಹಿತ್ತಾಳೆ ಕೊಡವನ್ನು ಹುಣಸೆಹಣ್ಣು ಹಚ್ಚಿ ತಿಕ್ಕಿ ಬಿಸಿಲಿಗೆ ಬೋರಲು ಹಾಕಿದ್ದಳು.

ದೋಣಿವಿಹಾರ ಗುರುವಾರ, ಅಂದರೆ ಪೂಜೆಯ ಹಿಂದಿನ ದಿನ.

"ಹೋಗಿ ಬಾ," ಎಂದಳು ಅವ್ವ. "ಎದುರುಮನಿ ಅಣ್ಣಾರು ಶನಿವಾರ ಸವಾರಿ ಬಂಡಿ ಕೊಡ್ತೀನಿ ಅಂದಾರ. ಮಾರಿ ಮುರಿಬ್ಯಾಡ." ಆಮೇಲೆ ಕುಡಿಯುವ ನೀರಿನ ಹರವಿಯ ಬಾಯಿಗೆ ಮೂಗೊಡ್ಡಿ, ತನಗೆ ತಾನೇ ಹೇಳಿಕೊಳ್ಳುವಂತೆ, "ಈ ವಾರ ಹೊಳಿ ನೀರು ಯಾಕೋ ಒಂಥರಾ ವಾಸನಿ ಹೊಡಿಯಾಕ ಹತ್ತೇತಿ" ಎಂದಳು. ಅದನ್ನು ನಾನು ಆಗ ಕಿವಿಗೆ ಹಾಕಿಕೊಳ್ಳಲಿಲ್ಲ.

ಗುರುವಾರ ಮುಂಜಾನೆ ನಮ್ಮನ್ನು ಮೋಟಾರಿನಲ್ಲಿ ಹೊಳೆಯ ಮೇಲ್ಗಡೆ, ಹಂಪಿಯ ದಿಕ್ಕಿಗೆ ಕರೆದೊಯ್ದು ಒಂದು ಹಳ್ಳಿಯ ದಂಡೆಯಲ್ಲಿ ಇಳಿಸಿದರು. ಅಲ್ಲಿಂದ ಕಂಪ್ಲಿಯವರೆಗೆ ನೀರಿನ ಜೊತೆ ತೇಲಿ ಬರುವುದು ಆ ದಿನದ ವಿಹಾರ. ಎರಡು ಹರಿಗೋಲುಗಳನ್ನು ಹಗ್ಗದಿಂದ ಜೋಡಿಸಿ, ನಡುವೆ ಹಲಗೆ ಹಾಸಿ, ಹಲಗೆಯ ಮೇಲೆ ಜಮಖಾನೆ ಹಾಸಿದ್ದರು. ಹರಿಗೋಲು ಎಂದರೆ ತೊಗಲು ಹೊದಿಸಿದ ದೊಡ್ಡ ಬಿದಿರಿನ ಬುಟ್ಟಿ. ಒಂಟಿಯಾಗಿ ಬಿಟ್ಟರೆ ಬುಗುರಿಯಂತೆ ಸುತ್ತುತ್ತದೆ. ದೊರೆಸಾನಿಗೆ ತಲೆ ಸುತ್ತಬಾರದೆಂದು ಈ ಜೋಡಣೆ. ಒಂದರಲ್ಲಿ ಹಿರಿಯ ಅಂಬಿಗ, ಇನ್ನೊಂದರಲ್ಲಿ ಅವನ ತಮ್ಮ ಹುಟ್ಟು ಹಿಡಿದಿದ್ದರು. ನಡುವೆ ದೊರೆ, ದೊರೆಸಾನಿ, ಮಾವ, ನಾನು.

ಹೊಳೆ ಚೆಲುವಾಗಿತ್ತು. ಇದನ್ನು ಒಪ್ಪಿಕೊಳ್ಳದೆ ಮುಂದಿನದನ್ನು ಹೇಳಿದರೆ ನನ್ನ ದೂರಿಗೆ ಬೆಲೆ ಇರುವುದಿಲ್ಲ. ದಂಡೆಯ ಎರಡೂ ಕಡೆ ಬಂಡೆಗುಡ್ಡಗಳು ಒಂದರ ಮೇಲೊಂದು ಹೇರಿಟ್ಟ ಹಾಗೆ ನಿಂತಿದ್ದವು. ದೂರದಲ್ಲಿ, ತೆಂಕಣಕ್ಕೆ, ಸಂಡೂರಿನ ಬೆಟ್ಟಸಾಲು ನೀಲಿಯಾಗಿ ಒಂದೇ ಗೆರೆಯಲ್ಲಿ ಓಡುತ್ತಿತ್ತು. ಕಲ್ಲಿನ ಸಂದುಗಳಲ್ಲಿ ಕೊಕ್ಕರೆಗಳು ಒಂಟಿಕಾಲಿನಲ್ಲಿ ನಿದ್ದೆ ಹೋಗಿದ್ದವು. ಒಂದು ಮಿಂಚುಳ್ಳಿ ನಮ್ಮ ಮುಂದೆ ಮುಂದೆ ಹಾರಿ, ಕೂತು, ಮತ್ತೆ ಹಾರಿ, ದಾರಿ ತೋರಿಸುವಂತೆ ಆಟ ಆಡಿತು. ಒಂದು ತಿರುವಿನಲ್ಲಿ ನೀರುನಾಯಿಗಳ ಸಂಸಾರವೊಂದು ಬಂಡೆಯ ಮೇಲೆ ಒದ್ದೆ ಮೈ ಒರಸಿಕೊಳ್ಳುತ್ತಿದ್ದುದು ನಮ್ಮನ್ನು ಕಂಡು ಒಂದರ ಹಿಂದೊಂದು ನೀರಿಗೆ ಜಾರಿತು. ದೊರೆಸಾನಿ ಚಪ್ಪಾಳೆ ತಟ್ಟಿದಳು.

"ಇವನ್ನೇನು ನೋಡ್ತೀರ್ರಿ ಅವ್ವಾರ," ಎಂದ ಹಿರಿಯ ಅಂಬಿಗ ನನ್ನ ಕಡೆ ತಿರುಗಿ, "ಬಲಿ ಹರದು ಮೀನ ತಿಂದು ಮ್ಯಾಲೆ ನಮ್ಮನ್ನ ನೋಡಿ ಹಲ್ಲು ಕಿರಿತಾವ. ಹೊಳ್ಯಾಗಿನ ಶಾನಭೋಗ್ರು ಇವು."

ನಾನು ಇದನ್ನು ಹಾಗೆಯೇ ಇಂಗ್ಲಿಷಿಗೆ ತಿರುಗಿಸಿದೆ. ದೊರೆಸಾನಿ ನಕ್ಕಳು, ದೊರೆ ನಗಲಿಲ್ಲ. ಮಾವ ಅಂಬಿಗನ ಕಡೆ ಕಣ್ಣು ಬಿಟ್ಟು, "ಬಾಯಿ ಮುಚ್ಚಿಕೊಂಡು ಹುಟ್ಟು ಹಾಕಲೇ" ಎಂದು ಗದರಿ, ನನಗೆ, "ಮುಂದ ಇನ್ನೂ ಚಲೋದು ಐತಿ ಅಂತ ಹೇಳು" ಎಂದರು.

ಕಂಪ್ಲಿ ಸಮೀಪಿಸುತ್ತಿತ್ತು. ಊರಿಗೆ ಮೊದಲು ಹೊಳೆ ಒಂದು ದೊಡ್ಡ ಬಂಡೆಯನ್ನು ಬಳಸಿ ಹೊರಳುತ್ತದೆ. ಆ ಹೊರಳು ದಾಟಿದ ಮೇಲೆ, ಊರಿನ ಕಡೆಗೆ, ನೀರು ನಿಂತು ಒಂದು ಮಡುವಾಗಿದೆ. ಮಡುವು ಇನ್ನೂ ಬಂಡೆಯ ಮರೆಯಲ್ಲಿತ್ತು. ಆಗ ಮೂರು ಸಂಗತಿಗಳು ನಡೆದವು, ಮೂರನ್ನೂ ನಾನು ನನ್ನ ಕಣ್ಣಾರೆ ಕಂಡೆ. ಅಂಬಿಗರಿಬ್ಬರೂ ಯಾರೂ ಹೇಳದೆಯೇ ಹುಟ್ಟು ಎತ್ತಿ ಹಿಡಿದರು. ಮಾವ ತುಟಿಯ ಮೇಲೆ ಬೆರಳಿಟ್ಟರು. ದೊರೆ ತೊಗಲಿನ ಚೀಲದ ಗುಂಡಿ ಬಿಚ್ಚಿ ಕ್ಯಾಮೆರಾ ಹೊರಗೆ ತೆಗೆದು ಅದರ ಕಣ್ಣಿನ ಮುಚ್ಚಳ ತೆಗೆದ. ನೋಡಬೇಕಾದದ್ದು ಇನ್ನೂ ಯಾರ ಕಣ್ಣಿಗೂ ಬಿದ್ದಿರಲಿಲ್ಲ, ನೋಡುವುದಕ್ಕೆ ಬೇಕಾದ ಮೌನ ಮಾತ್ರ ಸಿದ್ಧವಾಗಿತ್ತು. ನೀರುನಾಯಿಗಳಿಗೆ ಆತ ಚೀಲದ ಗುಂಡಿಯನ್ನು ಮುಟ್ಟಿಯೂ ಇರಲಿಲ್ಲ ಎಂಬುದು ನನಗೆ ಆಗ ನೆನಪಾಯಿತು.

ಬಂಡೆ ದಾಟಿದೆವು. ಮಡುವಿನ ಅಂಚಿನ ಹಾಸುಗಲ್ಲಿನ ಮೇಲೆ ಮೊಸಳೆಗಳು ಮಲಗಿದ್ದವು. ಒಂದು ಬಾಯಿ ತೆರೆದು ಬಿಸಿಲು ಕುಡಿಯುತ್ತಿತ್ತು. ಇನ್ನೊಂದು ಎಷ್ಟು ದೊಡ್ಡದೆಂದರೆ ಅದರ ಬಾಲ ನೀರಿನಲ್ಲೇ ಉಳಿದಿತ್ತು. ಕ್ಯಾಮೆರಾ ಟಿಕ್ಕೆಂದಿತು. ದೊರೆಸಾನಿ ನನ್ನ ಕೈ ಹಿಡಿದುಕೊಂಡಳು. ಅವಳ ಸಂತೋಷ ಸುಳ್ಳಲ್ಲ. ನನ್ನ ಮೂಗಿಗೆ ಬಂದದ್ದು ಮಾತ್ರ ಬೇರೆ: ಅವ್ವನ ಹರವಿಯ ವಾಸನೆ, ಅದಕ್ಕಿಂತ ಹತ್ತು ಪಾಲು ಜೋರಾಗಿ.

ದಂಡೆಯ ಜಾಲಿ ಗಿಡದ ಬೊಡ್ಡೆಗೆ ಒಂದು ದಪ್ಪ ಹಗ್ಗ ಕಟ್ಟಿತ್ತು. ಹಗ್ಗ ಬಿಗಿಯಾಗಿ ನೀರಿಗೆ ಇಳಿದಿತ್ತು. ಅದರ ತುದಿಯಲ್ಲಿ, ತಿಳಿನೀರಿನ ಕೆಳಗೆ, ಕಲ್ಲು ಹೇರಿ ಮುಳುಗಿಸಿದ ಹಸಿ ತೊಗಲುಗಳು. ಕೂದಲು, ಕೊಬ್ಬು ಇನ್ನೂ ಹಾಗೆಯೇ ಇದ್ದು, ನೀರಿನಡಿಯಲ್ಲಿ ದನಗಳೇ ಮಲಗಿದಂತೆ ಕಾಣುತ್ತಿದ್ದವು.

ಇದರ ಅರ್ಥ ತಿಳಿಯಬೇಕಾದರೆ ನಮ್ಮ ಹೊಳೆಯ ಒಂದು ಕಟ್ಟುಪಾಡು ತಿಳಿದಿರಬೇಕು. ಹರಿಗೋಲಿಗೆ ಹೊದಿಸುವ ತೊಗಲನ್ನು ಮೆತ್ತಗಾಗಲೆಂದು ಮೊದಲು ಹೊಳೆಯಲ್ಲಿ ನೆನೆಹಾಕುತ್ತಾರೆ. ನೆನೆಹಾಕುವುದು ಯಾವಾಗಲೂ ಊರಿನ ಕೆಳಗಡೆ. ಮೊದಲು ಹೆಣ್ಣುಮಕ್ಕಳ ಮೆಟ್ಟಿಲು, ಅದರ ಕೆಳಗೆ ಕಡವು, ಕಡವಿನ ಕೆಳಗೆ ಹರಿಗೋಲು ಕಟ್ಟುವ ಬಯಲು, ಎಲ್ಲಕ್ಕಿಂತ ಕೆಳಗೆ ತೊಗಲಿನ ಮಡುವು. ಊರು ಕುಡಿಯುವ ನೀರಿಗೆ ತೊಗಲಿನ ನೀರು ಸೇರಬಾರದು. ತೊಗಲಿಗೆ ಬರುವ ಮೊಸಳೆ ಹೆಣ್ಣುಮಕ್ಕಳು ಇಳಿಯುವ ಕಡೆ ಬರಬಾರದು. ಇದನ್ನು ಯಾರೂ ಬರೆದಿಟ್ಟಿಲ್ಲ, ಯಾರೂ ಮೀರಿಯೂ ಇರಲಿಲ್ಲ. ಇನ್ನೊಂದು ನೇಮವೂ ಇದೆ: ಹಸಿ ತೊಗಲನ್ನು ಹರಿಗೋಲಿನ ಒಳಗೆ ಹಾಕುವುದಿಲ್ಲ. ಓಡುತ್ತಿರುವ ದೋಣಿಗೆ ಸತ್ತ ದನದ ಸೂತಕ ತಗಲುತ್ತದೆಂದು ಅಂಬಿಗರ ನಂಬಿಕೆ. ಹಗ್ಗ ಕಟ್ಟಿ, ಹರಿಗೋಲಿನ ಹಿಂದೆ ನೀರಿನಲ್ಲಿ ಎಳೆದುಕೊಂಡೇ ಹೋಗುತ್ತಾರೆ.

ಈಗ ತೊಗಲು ಇದ್ದದ್ದು ಮೆಟ್ಟಿಲಿಗೆ ಮೇಲ್ಗಡೆ, ಒಂದು ಕೂಗಳತೆಯಲ್ಲಿ. ಅದನ್ನು ಕಟ್ಟುವ ಬಯಲು ಮೆಟ್ಟಿಲಿಗೆ ಕೆಳಗಡೆ. ಎಳೆದು ಒಯ್ಯುವ ದಾರಿ ಮೆಟ್ಟಿಲಿನ ಮುಂದೆಯೇ ಹಾಯಬೇಕು.

"ಇದೇನು?" ಎಂದು ಹಿರಿಯ ಅಂಬಿಗನನ್ನು ಕೇಳಿದೆ.

"ತೊಗಲ್ರೀ. ನೆನಿ ಹಾಕೇವಿ. ಹೊಸಾ ದೊಡ್ಡ ಹರಗೋಲ ಕಟ್ಟಬೇಕಲ್ರಿ, ಇನ್ನ ಮ್ಯಾಲೆ ದೊರಿಗಳು ಬರಾಕ ಹತ್ತಿದ್ರ..."

"ಮೆಟ್ಟಲದ ಮ್ಯಾಲ್ಗಡೆ ಯಾರು ನೆನಿ ಹಾಕು ಅಂದ್ರು?"

ಅವನು ಹುಟ್ಟನ್ನು ನೋಡಿಕೊಂಡ. "ಹೇಳಿದಲ್ಲಿ ಹಾಕಾರ್ರಿ ನಾವು."

"ಎಂದು ಎಳೀತೀರಿ?"

"ನಾಳಿ ಹೊತ್ತಾರೆ."

ನಾಳೆ ಹೊತ್ತಾರೆ ಅಕ್ಕ ಮಗುವನ್ನು ಅವ್ವನ ಕೈಗೆ ಕೊಟ್ಟು ಆ ನೀರಿಗೆ ಇಳಿಯುವವಳಿದ್ದಳು.

ಮಾವ ನಡುವೆ ಬಾಯಿ ಹಾಕಿದರು. "ಕೆಳಗಿನ ಮಡುವಿನಾಗ ನೀರು ಇಳದೈತವಾ. ತೊಗಲು ಮುಳುಗವಲ್ವು. ಅದಕ್ಕ."

ಕೆಳಗಿನ ಮಡುವು ಬೇಸಿಗೆಯಲ್ಲೂ ಆಳು ಮುಳುಗುವಷ್ಟು ಇರುತ್ತದೆಂದು ಕಂಪ್ಲಿಯಲ್ಲಿ ಹುಟ್ಟಿದ ಯಾರಿಗೂ ಗೊತ್ತು. ನಾನು ಏನೂ ಹೇಳುವ ಮೊದಲೇ ದೊರೆಸಾನಿ ಉತ್ಸಾಹದಿಂದ ಕೇಳಿದಳು: ಈ ಮೊಸಳೆಗಳು ಯಾವಾಗಲೂ ಇಲ್ಲೇ ಇರುತ್ತವೆಯೇ?

"ಹೇಳು," ಎಂದರು ಮಾವ, "ನಮ್ಮ ಮುತ್ತಜ್ಜನ ಕಾಲದಿಂದ ಇಲ್ಲೇ ಇರ್ತಾವ ಅಂತ ಹೇಳು."

ನಾನು ದುಭಾಷಿ. ಹೇಳಿದ್ದನ್ನು ಹೇಳುವುದು ನನ್ನ ಕೆಲಸ, ಅದನ್ನು ಮಾಡಿದೆ. "ಮುತ್ತಜ್ಜನ ಕಾಲದಿಂದ ಇಲ್ಲೇ ಇರುತ್ತವೆ ಎಂದು ಇವರು ಹೇಳುತ್ತಿದ್ದಾರೆ," ಎಂದೆ ಇಂಗ್ಲಿಷಿನಲ್ಲಿ. ಆಮೇಲೆ ನನ್ನ ಮಾತನ್ನೂ ಸೇರಿಸಿದೆ: "ನಾನು ಇದೇ ಊರಿನವಳು. ಈ ಹಾಸುಗಲ್ಲಿನ ಮೇಲೆ ಚಿಕ್ಕಂದಿನಲ್ಲಿ ಬಟ್ಟೆ ಒಣಗಿಸಿದ್ದೇನೆ. ಇಲ್ಲಿ ಮೊಸಳೆಯನ್ನು ಕಂಡದ್ದು ಇದೇ ಮೊದಲು. ಆ ಹಗ್ಗದ ತುದಿಯಲ್ಲಿ ಏನಿದೆಯೆಂದು ನಿಮ್ಮ ಯಜಮಾನರು ನೋಡಬಹುದು."

ದೊರೆಸಾನಿಯ ಕೈ ನನ್ನ ಕೈಯಿಂದ ಸಡಿಲವಾಯಿತು. ಅವಳು ಗಂಡನ ಮುಖ ನೋಡಿದಳು. ಆತ ಹಗ್ಗವನ್ನು ನೋಡಲಿಲ್ಲ. ನೋಡುವ ಅಗತ್ಯ ಅವನಿಗೆ ಇದ್ದಂತೆ ಕಾಣಲಿಲ್ಲ. ಕ್ಯಾಮೆರಾವನ್ನು ಚೀಲಕ್ಕೆ ಸೇರಿಸುತ್ತಾ, ದೇಶೀಯರ ಪದ್ಧತಿಗಳಲ್ಲಿ ತಾನು ಕೈಹಾಕುವುದಿಲ್ಲ ಎಂದು ಹೇಳಿದ.

"ಇದು ಪದ್ಧತಿಯಲ್ಲ, ಪದ್ಧತಿಯನ್ನು ಮುರಿದದ್ದು," ಎಂದೆ. "ಯಾರಿಗೋಸ್ಕರ ಮುರಿದರು ಎಂದು ಕೇಳುತ್ತಿದ್ದೇನೆ."

ಆತ ಚೀಲದ ಗುಂಡಿ ಹಾಕಿದ. ಒಂದು ಆಡಳಿತದ ಜಾಣತನವೆಲ್ಲ ಆ ಉತ್ತರಿಸದ ಬಾಯಿಯಲ್ಲಿ ಇತ್ತು. ಅವನೇ ಕೇಳಿ ಮಾಡಿಸಿದನೋ, ಮಾವನೇ ಮೆಚ್ಚಿಸಲು ಮಾಡಿದರೋ, ನನಗೆ ಇಂದಿಗೂ ಗೊತ್ತಿಲ್ಲ. ತಿರುವಿಗೆ ಮೊದಲೇ ಮುಚ್ಚಳ ತೆಗೆದ ಕ್ಯಾಮೆರಾ ಒಂದನ್ನು ಮಾತ್ರ ಬಲ್ಲೆ.

"ಏನಂದಿ ಅವರಿಗೆ?" ಎಂದು ಮಾವ ಕೇಳಿದರು.

"ನೀವು ಅಂದಿದ್ದನ್ನ ಅಂದೆ. ನಾ ಕಂಡಿದ್ದನ್ನೂ ಅಂದೆ."

ಮಾವ ಅಂಬಿಗರಿಗೆ ಕೈ ಬೀಸಿದರು, ಹರಿಗೋಲು ಕಡವಿನ ಕಡೆ ಹೊರಟಿತು. ಮಿಂಚುಳ್ಳಿಯೂ ಹೋಗಿಬಿಟ್ಟಿತ್ತು.

ಮನೆಯಲ್ಲಿ ಹೇಳಿದಾಗ ಅವ್ವ ಮೊದಲು ನಂಬಲಿಲ್ಲ, ಆಮೇಲೆ ಹರವಿಯ ನೀರನ್ನು ಹಿತ್ತಲಿಗೆ ಚೆಲ್ಲಿದಳು. ಪೂಜೆಯನ್ನು ಮುಂದಕ್ಕೆ ಹಾಕೋಣ ಎಂದೆ.

"ಹೆಂಗ ಹಾಕ್ತಿ? ಶನಿವಾರ ಬೀಗರು ಬರ್ತಾರ. ಗಂಗಿಪೂಜಿ ಆಗದಾಕೀನ ಕರಕೊಂಡು ಹೋಗಂಗಿಲ್ಲ. ತವರಮನ್ಯಾಗ ಅದೊಂದು ಮಾಡಿ ಕಳಸಲಿಲ್ಲ ಅಂದ್ರ ಆಕಿ ಅಲ್ಲಿ ತಲಿ ಎತ್ತಿ ತಿರಗ್ಯಾಡಾಳೇನು?"

"ಕಾಲು ಇದ್ರ ತಿರಗ್ಯಾಡ್ಯಾಳು," ಎಂದೆ.

ಅಕ್ಕ ಮಗುವಿಗೆ ಎಣ್ಣೆ ತಿಕ್ಕುತ್ತಿದ್ದವಳು ತಲೆ ಎತ್ತಲಿಲ್ಲ. "ಮೊಸಳಿಗೂ ಒಂದು ಕುಬಸ, ಎಲಿ ಅಡಿಕಿ ಕೊಟ್ಟು ಕಳಸೋಣ ಬಿಡು. ಬಾಣಂತಿ ನೋಡಾಕ ಬಂದವ್ರನ್ನ ಬರಿಗೈಲಿ ಕಳಸಬಾರದು." ಸ್ವಲ್ಪ ಹೊತ್ತಿಗೆ ಅವಳ ದನಿ ಬದಲಾಯಿತು. "ನೀ ಕಂಡದ್ದು ಖರೇನ? ಇಲ್ಲಾ, ಇರಬೇಕು ಅಂತ ಕಂಡಿಯೋ?"

ಆ ಪ್ರಶ್ನೆ ನನ್ನನ್ನು ಚುಚ್ಚಿತು. ಅನುಮಾನಿಸುವವಳ ಮಾತಿಗೆ ಮನೆಯಲ್ಲಿ ಇರುವ ಬೆಲೆ ಅಷ್ಟೇ: ಅವಳು ಕಂಡದ್ದಕ್ಕೂ ಸಾಕ್ಷಿ ಕೇಳುತ್ತಾರೆ. ವಾಸನೆಯನ್ನು ಹರವಿಯಲ್ಲೇ ಮೂಸಿದವರು ಕೂಡ.

ಸಂಜೆಗೆ ಮೊದಲು ನಾನೇ ಗಿರಣಿಗೆ ಹೋದೆ. ಹೆಂಗಸರು ಒಬ್ಬರೇ ಗಿರಣಿಗೆ ಹೋಗುವ ರೂಢಿ ಇರಲಿಲ್ಲ. ತೌಡಿನ ಧೂಳಿನಲ್ಲಿ ಕೆಲಸದವರು ನಿಂತು ನೋಡಿದರು. ಮಾವ ಹೊರಗೆ ಬಂದು ಬಲು ಪ್ರೀತಿಯಿಂದ, "ಕುಂದ್ರು ಬಾ ತಂಗಿ" ಎಂದರು.

"ನಿಂತ ಕೇಳ್ತೀನ್ರಿ ಮಾವಾ. ತೊಗಲನ್ನ ಮ್ಯಾಲ್ಗಡೆ ಹಾಕ್ರಿ ಅಂತ ಹೇಳಿದವ್ರು ಯಾರು?"

"ಹೊಳಿ ಅಂದಮ್ಯಾಲೆ ತೊಗಲು ಇರತೈತಿ, ಮೊಸಳಿ ಇರತೈತಿ. ಹೊಳಿಗೆ ಯಾರು ಬೇಲಿ ಹಾಕ್ಯಾರ?"

"ಬೇಲಿ ಇತ್ತು. ಮ್ಯಾಲ್ಗಡೆ ತೊಗಲು ಹಾಕಬಾರದು ಅನ್ನೋದು ಬೇಲಿನ. ನೀವು ಕಿತ್ತೀರಿ. ನಾಳೆ ನಮ್ಮಕ್ಕ ಅಲ್ಲೇ ಇಳೀತಾಳ."

"ಅಯ್ಯ, ಆಕಿ ನನಗೂ ಮಗಳಲ್ಲೇನು? ನಾಳೆ ಮುಂಜಾನೆ ಒಂದ ತೊಗಲೂ ಮೆಟ್ಟಲದ ಮುಂದ ಹಾಯಂಗಿಲ್ಲ. ಸಾಕಾ?"

"ಇವರ ಮುಂದ ಇನ್ನೊಮ್ಮೆ ಹೇಳ್ರಿ."

ಕೆಲಸದವರ ಮುಂದೆ ಅವರು ಅದನ್ನು ಇನ್ನೊಮ್ಮೆ ಹೇಳಿದರು, ನಗುತ್ತಲೇ. ಆದರೆ ಕೇಳಿದ್ದಕ್ಕೆ ಉತ್ತರ ಕೊಡದೆ, ಕೇಳದ್ದನ್ನು ಇಷ್ಟು ಧಾರಾಳವಾಗಿ ಕೊಡುವ ಮನುಷ್ಯನನ್ನು ಹೇಗೆ ನಂಬುವುದು? ಮನೆಗೆ ಬರುವ ದಾರಿಯುದ್ದಕ್ಕೂ ಆ ಭರವಸೆಯನ್ನು ಮಗುಚಿ ಮಗುಚಿ ನೋಡಿದೆ. ತೂತು ಎಲ್ಲಿದೆ ಎಂದು ಗೊತ್ತಾಗಲಿಲ್ಲ. ಇದೆ ಎಂದು ಮಾತ್ರ ಗೊತ್ತಿತ್ತು.

ಶುಕ್ರವಾರ ಮುಂಜಾನೆ ಓಣಿಯ ಹೆಂಗಸರು ಹಾಡು ಹೇಳುತ್ತಾ ಅಕ್ಕನನ್ನು ನಡುವೆ ಇಟ್ಟುಕೊಂಡು ಹೊರಟರು. ಹಸಿರು ಸೀರೆ, ಕೈತುಂಬ ಬಳೆ, ತಲೆಯ ಮೇಲೆ ಬಿಳಿ ಬಟ್ಟೆ ಕಟ್ಟಿಕೊಂಡ ಅಕ್ಕ ಬಿಸಿಲಿಗೆ ಕಣ್ಣು ಕಿರಿದು ಮಾಡಿ ನಡೆಯುತ್ತಿದ್ದಳು. ಎಷ್ಟು ಕಾಲದ ಮೇಲೆ ಅವಳು ಬಯಲನ್ನು ಕಂಡದ್ದು! ಮಗು ಅವ್ವನ ಸೊಂಟದಲ್ಲಿತ್ತು. ಮಾವನ ಹೆಂಡತಿ, ಅಂದರೆ ನನ್ನ ಎದುರುಮನೆಯ ಅತ್ತೆ, ಪೂಜೆಯ ಹರಿವಾಣ ಹಿಡಿದಿದ್ದರು. ನಾನು ಎಲ್ಲರಿಗಿಂತ ಮುಂದೆ ಓಡಿದೆ.

ಮೆಟ್ಟಿಲಿನ ಕೊನೆಯ ಕಲ್ಲಿನ ಮೇಲೆ, ನೀರಿನ ಅಂಚಿಗೆ, ಕಂದು ಕೂದಲಿನ ಒಂದು ಎಳೆ ಅಂಟಿಕೊಂಡಿತ್ತು. ಪಕ್ಕದಲ್ಲಿ ಕೊಬ್ಬಿನ ಒಂದು ಚೂರು, ಅದರ ಸುತ್ತ ನೀರಿನ ಮೇಲೆ ಎಣ್ಣೆಯ ಬಣ್ಣಬಣ್ಣದ ತೆಳುಪೊರೆ. ತಲೆ ಎತ್ತಿ ಕೆಳಗಡೆ ನೋಡಿದೆ. ಕಟ್ಟುವ ಬಯಲಿನಲ್ಲಿ ಹೊಸ ಬಿದಿರಿನ ಬುಟ್ಟಿಯ ಮೇಲೆ ತೊಗಲುಗಳನ್ನು ಹೊದಿಸಿ ಎಳೆದು ಕಟ್ಟಿದ್ದರು. ಅಂಚುಗಳಿಂದ ನೀರು ಇನ್ನೂ ತೊಟ್ಟಿಕ್ಕುತ್ತಿತ್ತು.

ಹಿರಿಯ ಅಂಬಿಗ ಕಡವಿನಲ್ಲಿ ನಿಂತಿದ್ದ. ಅವನನ್ನು ಕೂಗಿ ಕೇಳಿದೆ. ಅವನು ಹತ್ತಿರ ಬರದೆ, ದೂರದಿಂದಲೇ ಹೇಳಿದ: "ಇವತ್ತು ಮುಂಜಾನೆ ಎಳಿಬ್ಯಾಡ್ರಿ ಅಂತ ಧಣಿ ಹೇಳಿ ಕಳಿಸಿದ್ರಲ್ರಿ. ಅದಕ್ಕ ನಿನ್ನೆ ಹೊತ್ತು ಮುಳಗೂದ್ರಾಗ ಎಳದ್ವಿ."

ತೂತು ಅಲ್ಲಿತ್ತು. ಮಾತು ಉಳಿದಿತ್ತು, ನೀರು ಕೆಟ್ಟಿತ್ತು.

ಅಷ್ಟರಲ್ಲಿ ಹೆಂಗಸರು ಬಂದು ಮೆಟ್ಟಿಲಿನ ತಲೆಯಲ್ಲಿ ನಿಂತರು. ಅಕ್ಕ ಕೊಡ ಹಿಡಿದು ಇಳಿಯತೊಡಗಿದಳು. ನಾನು ಅಡ್ಡ ಕೈ ಹಿಡಿದೆ. ಹಾಡು ನಿಂತಿತು. ನಾನು ಕಲ್ಲಿನ ಮೇಲಿನ ಕೂದಲನ್ನು ತೋರಿಸಿದೆ, ಬಯಲಿನಲ್ಲಿ ತೊಟ್ಟಿಕ್ಕುವ ಹರಿಗೋಲನ್ನು ತೋರಿಸಿದೆ, ನಿನ್ನೆ ಹಾಸುಗಲ್ಲಿನ ಮೇಲೆ ಮಲಗಿದ್ದವನ್ನು ಹೇಳಿದೆ. ಅವ್ವ ಮಗುವನ್ನು ಎದೆಗೆ ಒತ್ತಿಕೊಂಡಳು. ಒಬ್ಬಿಬ್ಬರು ಹಿಂದಕ್ಕೆ ಸರಿದರು. ಇನ್ನೊಬ್ಬರು, "ಶುಭದ ಹೊತ್ತಿನಾಗ ಇದೇನು ಅಪಶಕುನದ ಮಾತು" ಎಂದರು.

ಮಾವ ಕಡವಿನಿಂದ ಬಂದರು. ಬೆಳಗಿನ ಮೊದಲ ಹರಿಗೋಲು ಬಿಡಿಸಲು ಅವರು ದಿನಾ ಅಲ್ಲಿರುತ್ತಿದ್ದರು. "ಏನಿಲ್ಲವಾ, ಏನಿಲ್ಲ. ಹಗಲ್ನಾಗ ಇಷ್ಟು ಮಂದಿ ಇರೋ ಕಡೆ ಯಾವ ಮೊಸಳಿ ಬರತೈತಿ? ಈಕಿ ಓದಿ ಓದಿ ಹೆದರ್ಯಾಳ. ಇಳೀ ಮಗಳ, ಇಳೀ."

ಅಕ್ಕನ ಕಾಲು ಇನ್ನೂ ಮೇಲಿನ ಮೆಟ್ಟಿಲಿನಲ್ಲೇ ಇತ್ತು. ನಾನು ಅವಳ ಕೈಯಿಂದ ಕೊಡ ತೆಗೆದುಕೊಂಡೆ. ಅದನ್ನು ಮಾವನ ಮುಂದೆ ಹಿಡಿದೆ.

"ಆತ್ರಿ. ಆಕಿ ಇಳದು ಪೂಜಿ ಮಾಡ್ತಾಳ. ಮೊದಲು ನೀವು ಇಳದು ಈ ಕೊಡ ತುಂಬಿ ಕೊಡ್ರಿ ಮಾವಾ. ಮೊಣಕಾಲ ಮಟ ಅಷ್ಟ."

ಅವರು ನಕ್ಕರು. "ಗಂಡಸರು ಬಾಣಂತಿ ಕೊಡ ತುಂಬತಾರೇನ?"

"ಆಕೀನ ಮಗಳು ಅಂದ್ರಿ. ತಂದಿ ತುಂಬಿದ್ರ ದೋಷ ಇಲ್ಲ."

ಹೆಂಗಸರೆಲ್ಲ ಈಗ ನನ್ನನ್ನು ನೋಡುತ್ತಿರಲಿಲ್ಲ, ಅವರನ್ನು ನೋಡುತ್ತಿದ್ದರು. ಮಾವ ಕೊಡ ತೆಗೆದುಕೊಂಡರು. ಚಪ್ಪಲಿ ಕಳಚಿದರು. ಎರಡು ಮೆಟ್ಟಿಲು ಇಳಿದರು. ನೀರಿನ ಅಂಚಿನಲ್ಲಿ ನಿಂತು ಮೇಲ್ಗಡೆಯ ಹೊರಳನ್ನು ನೋಡಿದರು, ಆಮೇಲೆ ತಮ್ಮ ಕಾಲಿನ ಮುಂದಿನ ನೀರನ್ನು ನೋಡಿದರು. ನೀರು ಸುಮ್ಮನಿತ್ತು. ಆ ಎಣ್ಣೆಯ ಪೊರೆ ಮಾತ್ರ ನಿಧಾನವಾಗಿ ಸುತ್ತುತ್ತಿತ್ತು. ಅವರು ಇಳಿಯಲಿಲ್ಲ.

"ಇಳೀರಿ," ಎಂದರು ಹಿಂದಿನಿಂದ ಅತ್ತೆ.

ಅದು ನನ್ನ ದನಿಯಾಗಿದ್ದರೆ ಅವರು ಇನ್ನೊಂದು ನಗೆ ನಗುತ್ತಿದ್ದರು. ಹೆಂಡತಿಯ ದನಿಗೆ ಅವರು ತಿರುಗಿ ನೋಡಿದರು, ಮುಖ ಬೇರೆಯಾಗಿತ್ತು. "ನಿನಗ ಏನ್ ಗೊತ್ತಾಗತೈತಿ?" ಎಂದರು ಮೆಲ್ಲಗೆ.

"ಇಷ್ಟೊತ್ತು ಗೊತ್ತಿರಲಿಲ್ಲ. ಈಗ ಗೊತ್ತಾತು," ಎಂದರು ಅತ್ತೆ.

ಅತ್ತೆ ಹರಿವಾಣವನ್ನು ಅವ್ವನ ಪಕ್ಕದವರಿಗೆ ಕೊಟ್ಟು, ಇಳಿದು ಬಂದು, ಗಂಡನ ಕೈಯಿಂದ ಕೊಡ ತೆಗೆದುಕೊಂಡರು. ಮೆಟ್ಟಿಲಿನ ಬದಿಯಲ್ಲಿ ಹರಿಗೋಲು ಕಟ್ಟುವ ಕಲ್ಲುಗೂಟಕ್ಕೆ ಸುತ್ತಿದ್ದ ಹಗ್ಗವನ್ನು ಬಿಚ್ಚಿ ಕೊಡದ ಕೊರಳಿಗೆ ಬಿಗಿದರು. ಯಾರೂ ಏನೂ ಹೇಳಿಕೊಡಲಿಲ್ಲ. ಮೆಟ್ಟಿಲಿನ ಪಕ್ಕದ ಎತ್ತರದ ಬಂಡೆಯ ಮೇಲೆ ನಿಂತು ಕೊಡವನ್ನು ಕೆಳಗೆ ಬಿಟ್ಟರು. ಬಾವಿಯಿಂದ ಸೇದುವ ಹಾಗೆ ಹೊಳೆಯಿಂದ ನೀರು ಸೇದುವುದನ್ನು ಕಂಪ್ಲಿಯ ಹೆಂಗಸರು ಆ ದಿನ ಮೊದಲ ಸಲ ಕಂಡರು. ಆ ನೀರನ್ನು ಮೇಲಿನ ಮೆಟ್ಟಿಲಿನಲ್ಲಿ ಅಕ್ಕನ ಕಾಲ ಮೇಲೆ ಸುರಿದರು. ಅದೇ ಅವಳು ಹೊಳೆಗೆ ಇಳಿದಂತೆ. ಇನ್ನೊಮ್ಮೆ ಸೇದಿ ಅರಿಶಿನ ಕುಂಕುಮ ಏರಿಸಿದರು. ಕೆಟ್ಟ ನೀರಿಗೂ ಗಂಗೆಯೆಂದೇ ಕೈ ಮುಗಿದರು. ಮೂರನೆಯ ಸಲ ಸೇದಿದ ಕೊಡ ಅಕ್ಕನ ತಲೆ ಏರಿತು. ಹಾಡು ಮತ್ತೆ ಸಣ್ಣಗೆ ಶುರುವಾಯಿತು.

ಮೊಸಳೆ ಬಂತೇ ಎಂದು ಆಮೇಲೆ ಅನೇಕರು ಕೇಳಿದ್ದಾರೆ. ಬರಲಿಲ್ಲ. ಅಲ್ಲಿ, ಆ ಕ್ಷಣ, ನೀರಿನ ಕೆಳಗೆ ಇತ್ತು ಎಂಬುದಕ್ಕೆ ನನ್ನ ಹತ್ತಿರ ಯಾವ ಆಧಾರವೂ ಇಲ್ಲ. ಇಲ್ಲದ್ದನ್ನು ಇತ್ತು ಎನ್ನುವುದಿಲ್ಲ. ನನ್ನ ಹತ್ತಿರ ಇರುವುದು ಇಷ್ಟೇ: ಬಾಣಂತಿಗೆ ಇಳೀ ಎಂದವರು ತಾವು ಇಳಿಯಲಿಲ್ಲ. ತೊಗಲು ನೆನೆಹಾಕುವ ಜಾಗ ಅದೇ ವಾರ ಮತ್ತೆ ಊರಿನ ಕೆಳಗಡೆಗೆ ಹೋಯಿತು. ಯಾರು ಮೇಲಕ್ಕೆ ಒಯ್ಯಿಸಿದರೆಂದು ಯಾರೂ ಒಪ್ಪಲಿಲ್ಲ, ಯಾರು ಕೆಳಕ್ಕೆ ಒಯ್ಯಿಸಿದರೆಂದೂ ಯಾರೂ ಹೇಳಲಿಲ್ಲ. ತಪ್ಪು ತಾನಾಗಿ ಆದದ್ದು, ತಾನಾಗಿ ಸರಿಹೋದದ್ದು ಎಂದು ಊರು ಸಮಾಧಾನ ಪಟ್ಟುಕೊಂಡಿತು. ಈ ಸಮಾಧಾನವನ್ನು ನಾನು ಒಪ್ಪುವುದಿಲ್ಲ. ತಾನಾಗಿ ಆದ ತಪ್ಪು ಇನ್ನೊಮ್ಮೆಯೂ ತಾನಾಗಿ ಆಗುತ್ತದೆ. ಹೆಂಗಸರು ಒಪ್ಪಿದಂತೆ ನನಗೆ ಕಾಣಲಿಲ್ಲ. ಜಾಗ ಬದಲಾದ ಮೇಲೂ ಎಷ್ಟೋ ಕಾಲ ಆ ಬಂಡೆಯ ಮೇಲೆ ಅತ್ತೆ ಬಿಗಿದ ಹಗ್ಗ ಹಾಗೆಯೇ ಸುರುಳಿ ಸುತ್ತಿ ಬಿದ್ದಿರುತ್ತಿತ್ತು.

ಆ ಮುಂಜಾನೆ ಮನೆಗೆ ತಿರುಗುವಾಗ ಅಕ್ಕ ತಲೆಯ ಕೊಡ ಅಲುಗದಂತೆ ಕೊರಳನ್ನು ನೆಟ್ಟಗೆ ಹಿಡಿದು ನಡೆಯುತ್ತಿದ್ದಳು. ಅತ್ತೆ ಅವಳ ಪಕ್ಕದಲ್ಲಿದ್ದರು, ಮಾವ ಕಡವಿನಲ್ಲೇ ಉಳಿದಿದ್ದರು. ನಾನು ಎಂದಿನಂತೆ ಮುಂದೆ ಹೋಗಲು ಹೊರಟೆ. ಅಕ್ಕ ತಲೆ ತಿರುಗಿಸುವಂತಿರಲಿಲ್ಲ. ಮುಂದೆ ನೋಡುತ್ತಲೇ ನನ್ನನ್ನು ಕರೆದಳು.

"ಲೇ, ನೀ ಮುಂದ ಹೋಗಬ್ಯಾಡ. ನನ್ನ ಹಿಂದ ಬಾ. ಯಾರು ಏನು ಮಾಡ್ತಾರ ನೋಡ್ಕೋತ ಬಾ."